ರಿಯಾದ್ ವಾಡಿಯಾ

ಬಂಗಾರಪೇಟೆಯಲ್ಲಿ ಗಾಡಿ ಬದಲಿಸಿ ಮಾರಿಕುಪ್ಪದ ಕಡೆಗೆ ಹೋಗುವವರಿಗೆ ಕೋಲಾರದ ಚಿನ್ನದ ಗಣಿಯ ಸಯನೈಡು ದಿಬ್ಬಗಳು ದೂರದಿಂದಲೇ ಕಾಣುತ್ತವೆ. ಗಣಿ 2001ರಲ್ಲಿ ಮುಚ್ಚಿತು, ದಿಬ್ಬಗಳು ಉಳಿದಿವೆ. ಗುಲಗಂಜಿ ತೂಕದ ಚಿನ್ನಕ್ಕೆ ಎಷ್ಟು ಕಲ್ಲನ್ನು ಅರೆಯಬೇಕೆಂಬುದಕ್ಕೆ ಅವೇ ಸಾಕ್ಷಿ. ಮುಂಬಯಿಯ ಚಲಚ್ಚಿತ್ರಕಾರ ರಿಯಾದ್ ವಿಂಚಿ ವಾಡಿಯಾ ಅವರ ಬಾಳನ್ನು ನೆನೆದಾಗ ಆ ದಿಬ್ಬಗಳು ಕಣ್ಣಮುಂದೆ ಬರುತ್ತವೆ. ಅವರ ಹೆಸರನ್ನು ಉಳಿಸಿದ ಚಿತ್ರದ ಅವಧಿ ಸುಮಾರು 12 ನಿಮಿಷ ಮಾತ್ರ.

ರಿಯಾದ್ ಹುಟ್ಟಿದ್ದು 1967ರ ಸೆಪ್ಟೆಂಬರ್ 19ರಂದು, ಹೆಸರಾಂತ ಪಾರ್ಸಿ ಮನೆತನದಲ್ಲಿ. ತಾತ ಜೆ. ಬಿ. ಎಚ್. ವಾಡಿಯಾ ತಮ್ಮನಾದ ಹೋಮಿಯೊಡನೆ 1933ರಲ್ಲಿ ವಾಡಿಯಾ ಮೂವಿಟೋನ್ ಸಂಸ್ಥೆಯನ್ನು ಕಟ್ಟಿದವರು. 1935ರ 'ಹಂಟರ್‌ವಾಲಿ'ಯಲ್ಲಿ ಚಾವಟಿ ಹಿಡಿದ ನಾಡಿಯಾಳನ್ನು ದೇಶಕ್ಕೆ ಪರಿಚಯಿಸಿದವರು. ಕಾಲಾಂತರದಲ್ಲಿ ಮರೆವಿಗೆ ಸಂದಿದ್ದ ಆ ಸಾಹಸಿಯನ್ನು ಕುರಿತು ಮೊಮ್ಮಗ 1993ರಲ್ಲಿ ಸಾಕ್ಷ್ಯಚಿತ್ರ ತೆಗೆದರು. ನಾಡಿಯಾ ತೀರಿಕೊಂಡದ್ದು 1996ರಲ್ಲಿ; ಆಕೆ ಬದುಕಿರುವಾಗಲೇ ಆ ಋಣ ಸಂದಾಯವಾಯಿತು.

ಅದೇ 1996ರಲ್ಲಿ ಜಂಗು ಸೇಠ್ನಾ ಅವರೊಡನೆ ರಿಯಾದ್ 'ಬಾಮ್‌ಗೇ' ಎಂಬ ಕಿರುಚಿತ್ರವನ್ನು ನಿರ್ದೇಶಿಸಿದರು. ಊರಿನ ಹೆಸರಿನೊಳಗೇ ಸಲಿಂಗಪ್ರೇಮಿಯ ಹೆಸರನ್ನು ಹುದುಗಿಸಿದ ಚಮತ್ಕಾರವದು. ಆರ್. ರಾಜ ರಾವ್ ಅವರ ಕವಿತೆಗಳು ಅದಕ್ಕೆ ಆಧಾರ. ನಟ ರಾಹುಲ್ ಬೋಸ್. 1860ರ ದಂಡಸಂಹಿತೆಯ 377ನೆಯ ಕಲಮು ಅಂದು ಇಂಥ ಸಂಬಂಧವನ್ನು ಅಪರಾಧವೆಂದೇ ಎಣಿಸುತ್ತಿತ್ತು. ಆದುದರಿಂದ ಚಿತ್ರ ನಮ್ಮ ಟಾಕೀಸುಗಳಿಗೆ ಬರಲಿಲ್ಲ. ಪರದೇಶದ ಚಿತ್ರೋತ್ಸವಗಳನ್ನು ಸುತ್ತಿತು. ಹೆಣ್ಣಾಗಿ ಬಾಳಲು ನಿಶ್ಚಯಿಸಿದ ಐಡಾ ಬಾನಾಜಿಯವರನ್ನು ಕುರಿತ ಅವರ ಸಾಕ್ಷ್ಯಚಿತ್ರವೂ ಆ ವರ್ಷದ್ದೇ.

ಭಾರತದಲ್ಲಿ ಇಂಥ ಚಿತ್ರಗಳಿಗೆ 'ಬಾಮ್‌ಗೇ'ಯೇ ಮೊದಲೆಂದು ಹೇಳುವ ವಾಡಿಕೆಯುಂಟು. ಆದರೆ 1971ರಲ್ಲಿಯೇ ಪ್ರೇಮ್ ಕಪೂರ್ ಅವರ 'ಬದನಾಮ್ ಬಸ್ತಿ' ಈ ವಿಷಯವನ್ನು ಮುಟ್ಟಿತ್ತು. ಕಳೆದುಹೋಗಿದೆಯೆಂದು ಎಲ್ಲರೂ ನಂಬಿದ್ದ ಅದರ ಪ್ರತಿ 2019ರಲ್ಲಿ ಬರ್ಲಿನ್ನಿನಲ್ಲಿ ದೊರೆಯಿತು. ಇದರಿಂದ ರಿಯಾದರ ಹಿರಿಮೆ ಕುಂದದು. ಮರೆಯಲ್ಲಿ ಸೂಚಿಸುವುದನ್ನು ಬಿಟ್ಟು, ಹೆಸರಿಟ್ಟು ಕರೆದದ್ದು ಅವರ ಸಾಧನೆ. ಅದರ ಬೆಲೆಯೇನೆಂಬುದು, 1998ರಲ್ಲಿ 'ಫೈರ್' ಚಿತ್ರ ನಡೆಯುತ್ತಿದ್ದ ಟಾಕೀಸುಗಳ ಮೇಲೆ ದಾಳಿ ನಡೆದಾಗ ಎಲ್ಲರಿಗೂ ತಿಳಿಯಿತು.

ದೀರ್ಘ ಕಥಾಚಿತ್ರವೊಂದನ್ನು ತೆಗೆಯಬೇಕೆಂಬ ಅವರ ಆಸೆ ಕೈಗೂಡಲಿಲ್ಲ. 2003ರ ನವೆಂಬರ್ 30ರಂದು ಅವರು ತೀರಿಕೊಂಡರು; ವಯಸ್ಸು 36. ವಯಸ್ಕರ ಸಮ್ಮತಿಯ ಸಲಿಂಗಸಂಬಂಧ ಅಪರಾಧವಲ್ಲವೆಂದು ಸರ್ವೋಚ್ಚ ನ್ಯಾಯಾಲಯ ಸಾರಿದ್ದು 2018ರ ಸೆಪ್ಟೆಂಬರ್ 6ರಂದು, ಅವರು ಹೋಗಿ ಸುಮಾರು 15 ವರ್ಷಗಳ ಮೇಲೆ. ತಾತ ಬಿಟ್ಟುಹೋದ ಚಿತ್ರಗಳ ಪಟ್ಟಿ ಉದ್ದವಾದುದು, ಮೊಮ್ಮಗನದು ಬೆರಳೆಣಿಕೆಯದು. ಆದರೂ ಆ ಮನೆತನದ ಧೈರ್ಯಕ್ಕೆ ಹಂಟರ್‌ವಾಲಿಯ ಚಾವಟಿಯಷ್ಟೇ ಈ 12 ನಿಮಿಷಗಳೂ ಸಾಕ್ಷಿಯಾಗಿವೆ.