ದೀಪದ ಬೆಳಕಿನ ಚಿತ್ರಕಾರ ಗ್ರಿಮ್‌ಶಾ

ನಾನು ಈ ಶಾಲೆಯಲ್ಲಿ ಚಿತ್ರಕಲಾ ಶಿಕ್ಷಕನಾಗಿದ್ದಾಗ, ರಾತ್ರಿಯ ದೃಶ್ಯ ಬರೆಯಿರಿ ಎಂದರೆ ಮಕ್ಕಳು ಹಾಳೆ ತುಂಬ ಕಪ್ಪು ಬಳಿದು ಮೂಲೆಯಲ್ಲೊಂದು ಬಿಳಿ ಚಂದ್ರನನ್ನಿಟ್ಟು ತರುತ್ತಿದ್ದರು. ಆಗೆಲ್ಲ ನಾನು ಅವರಿಗೆ ಇಂಗ್ಲೆಂಡಿನ ಜಾನ್ ಅಟ್ಕಿನ್ಸನ್ ಗ್ರಿಮ್‌ಶಾ ಅವರ ಕಥೆ ಹೇಳುತ್ತಿದ್ದೆ. ಕೇಳಿದ ಹಳೆಯ ವಿದ್ಯಾರ್ಥಿಗಳು ಇದನ್ನು ಓದುತ್ತಿದ್ದರೆ, ಮೇಷ್ಟ್ರು ಮತ್ತೆ ಅದನ್ನೇ ಶುರುಮಾಡಿದರು ಎಂದು ನಗಬಹುದು. ನಗಲಿ.

ಗ್ರಿಮ್‌ಶಾ ಹುಟ್ಟಿದ್ದು 1836ರಲ್ಲಿ, ಗಿರಣಿಗಳ ಹೊಗೆಯ ಊರಾದ ಲೀಡ್ಸ್‌ನಲ್ಲಿ. ತಂದೆ ಪೊಲೀಸ್ ಕೆಲಸದಲ್ಲಿದ್ದವರು. ಮಗನಿಗೆ ರೈಲ್ವೆಯಲ್ಲಿ ಗುಮಾಸ್ತೆಯ ಕೆಲಸ ಸಿಕ್ಕಿತು. ಚಿತ್ರಕಲೆಯನ್ನು ಅವರು ಯಾವ ಶಾಲೆಗೂ ಹೋಗಿ ಕಲಿತವರಲ್ಲ. ಹುಡುಗನ ಈ ಹುಚ್ಚು ಮನೆಯವರಿಗೆ ಹಿಡಿಸಲಿಲ್ಲ. ತಾಯಿ ಬಣ್ಣಗಳನ್ನು ಬೆಂಕಿಗೆ ಹಾಕಿದರೆಂದೂ ಹೇಳುತ್ತಾರೆ. ಅಷ್ಟಾದರೂ 1861ರಲ್ಲಿ, ಮದುವೆಯಾಗಿ ಸಂಸಾರ ಕಟ್ಟಿಕೊಂಡಿದ್ದಾಗಲೇ, ತಿಂಗಳ ಸಂಬಳ ಬಿಟ್ಟು ಕುಂಚ ಹಿಡಿದರು. ನಮ್ಮ ಊರಿನಲ್ಲಿ ಯಾರಾದರೂ ರೈಲ್ವೆ ನೌಕರಿ ಬಿಟ್ಟು ಚಿತ್ರ ಬರೆಯುತ್ತೇನೆಂದರೆ ಏನಾಗುತ್ತಿತ್ತೆಂದು ನಾನು ಹೇಳಬೇಕಾಗಿಲ್ಲ.

ಕೈ ಹತ್ತಿತು. 1870ರ ಹೊತ್ತಿಗೆ ಲೀಡ್ಸ್ ಸಮೀಪದ ನಾಸ್ಟ್ರಪ್ ಎಂಬಲ್ಲಿ ಒಂದು ಹಳೆಯ ದೊಡ್ಡ ಮನೆ ಹಿಡಿದು ವಾಸಿಸಿದರು. ಆದರೆ ದುಃಖವೂ ಅಷ್ಟೇ ಇತ್ತು. ಹಲವು ಮಕ್ಕಳು ಎಳವೆಯಲ್ಲೇ ತೀರಿಕೊಂಡರು. 1880ರ ಸುಮಾರಿಗೆ ಹಣದ ಮುಗ್ಗಟ್ಟು ಬಂತು. ಸ್ನೇಹಿತನೊಬ್ಬನ ಸಾಲಕ್ಕೆ ಜಾಮೀನು ನಿಂತದ್ದೇ ಕಾರಣವೆನ್ನುತ್ತಾರೆ. ಸಾಲ ತೀರಿಸಲು ಹಗಲಿರುಳು ಬರೆದರು. ಅವರ ಅತ್ಯುತ್ತಮ ಬಂದರು ಚಿತ್ರಗಳಲ್ಲಿ ಅನೇಕವು ಆ ಕಷ್ಟದ ನಂತರದವು.

ಲಿವರ್‌ಪೂಲ್, ಹಲ್, ಗ್ಲಾಸ್ಗೋ ಬಂದರುಗಳ ಚಿತ್ರಗಳವು. ಹಡಗಿನ ಕೊಂಬೆಗಳು ಒಣಗಿದ ಕಾಡಿನಂತೆ ನಿಂತಿರುತ್ತವೆ. ಎದುರು ಅಂಗಡಿಗಳ ಗಾಜಿನಿಂದ ಅನಿಲದೀಪದ ಹಳದಿ ಬೆಳಕು. ಮಳೆ ಈಗತಾನೆ ನಿಂತಿದೆ; ಕುದುರೆಗಾಡಿಯ ಗಾಲಿ ಹೋದ ಗುರುತಿನಲ್ಲಿ ನೀರು ಹೊಳೆಯುತ್ತಿದೆ. ಕಪ್ಪು ಬಣ್ಣ ಮಾತ್ರ ಬಳಿದಿಲ್ಲ ನೋಡಿ ಎಂದು ನಾನು ಮಕ್ಕಳಿಗೆ ತೋರಿಸುತ್ತಿದ್ದೆ. ಆಕಾಶ ಹಸಿರು ಬೆರೆತ ಹಳದಿ, ರಸ್ತೆ ಕಂದು. ಬಣ್ಣವನ್ನು ತೆಳುವಾಗಿ ಒಂದರ ಮೇಲೊಂದು ಹಚ್ಚಿ ಆ ಮಂಜನ್ನು ತಂದಿದ್ದಾರೆ. ಇದು ಫೋಟೋ ಮೇಲೆ ಬರೆದದ್ದಿರಬೇಕೆಂದು ಕೆಲವರು ಅನುಮಾನಪಟ್ಟರು. ಆದರೆ ರಾತ್ರಿಚಿತ್ರಗಳಿಗೆ ತಾನೇ ಮೊದಲಿಗನೆಂದುಕೊಂಡಿದ್ದ ಹೆಸರಾಂತ ಚಿತ್ರಕಾರ ವಿಸ್ಲರ್, ಇವರ ಬೆಳದಿಂಗಳನ್ನು ನೋಡಿದ ಮೇಲೆ ಆ ಮಾತು ಬಿಟ್ಟರಂತೆ.

ನನಗೆ ಎಲ್ಲಕ್ಕಿಂತ ಹಿಡಿಸಿದ್ದು 1880ರಲ್ಲಿ ಬರೆದ ಥೇಮ್ಸ್ ನದಿಯ ಚಿತ್ರ. ಲಂಡನ್ನಿನ ಪಾರ್ಲಿಮೆಂಟ್ ಗೋಪುರ ದೂರದಲ್ಲಿದೆ, ದಂಡೆಯುದ್ದಕ್ಕೂ ದೀಪಸಾಲು, ಗೋಡೆಯ ಬಳಿ ಒಬ್ಬ ಹೆಂಗಸು ನಿಂತಿದ್ದಾಳೆ. ಆ ದಂಡೆಗೆ 1878ರ ಕೊನೆಯಲ್ಲಿ ವಿದ್ಯುತ್ ದೀಪ ಬಂದಿತ್ತು. ಈಗಿನ ಬಲ್ಬು ಅಲ್ಲ. ಯಾಬ್ಲೊಚ್ಕೋವ್ ಎಂಬ ರಷ್ಯದ ಎಂಜಿನಿಯರ್ ಮಾಡಿದ ಮೇಣದಬತ್ತಿಯಂಥ ದೀಪ. ಅಕ್ಕಪಕ್ಕ ನಿಲ್ಲಿಸಿದ ಎರಡು ಇದ್ದಿಲು ಕಡ್ಡಿಗಳ ತುದಿಯ ನಡುವೆ ವಿದ್ಯುತ್ ಕಿಡಿ ಉರಿಯುತ್ತ, ಕಡ್ಡಿಗಳು ಕರಗುತ್ತ ಬರುತ್ತಿದ್ದವು. ಸುಮಾರು ಒಂದೂವರೆ ಗಂಟೆಗೆ ಒಂದು ಕಡ್ಡಿಜೋಡಿ ಮುಗಿಯುತ್ತಿತ್ತು. ಖರ್ಚು ಹೆಚ್ಚಾಗಿ 1884ರಲ್ಲಿ ಅವನ್ನು ತೆಗೆದು ಮತ್ತೆ ಅನಿಲದೀಪ ಹಚ್ಚಿದರು. ಹೊಸದು ಬಂದು, ಹಿಂದಕ್ಕೆ ಹೋಗಿ, ಹಳೆಯದು ಮರಳಿದ ಆ ಐದಾರು ವರ್ಷಗಳ ನಡುವೆ ಗ್ರಿಮ್‌ಶಾ ಅಲ್ಲಿ ನಿಂತಿದ್ದರು.

ಗ್ರಿಮ್‌ಶಾ 1893ರ ಅಕ್ಟೋಬರಿನಲ್ಲಿ, 57ನೆಯ ವಯಸ್ಸಿನಲ್ಲಿ ನಾಸ್ಟ್ರಪ್‌ನಲ್ಲೇ ತೀರಿಕೊಂಡರು. ಪತ್ರವಾಗಲಿ ದಿನಚರಿಯಾಗಲಿ ಬಿಟ್ಟುಹೋಗಲಿಲ್ಲ. ಅದಕ್ಕೇ ಅವರ ಮನಸ್ಸಿನ ಮಾತು ನಮಗೆ ಸಿಗುವುದು ಕಷ್ಟ. ನಾಲ್ವರು ಮಕ್ಕಳು ಚಿತ್ರಕಾರರಾದರು, ಒಬ್ಬ ಮಗಳೂ ಸೇರಿ. ಆ ಥೇಮ್ಸ್ ಚಿತ್ರ ಈಗ ಅವರ ಹುಟ್ಟೂರಾದ ಲೀಡ್ಸ್‌ನ ಕಲಾ ಗ್ಯಾಲರಿಯಲ್ಲಿದೆ.