ಬೆಂಡಿಗೋ ಎಂಬ ಮುಷ್ಟಿಮಲ್ಲನ ಚರಿತ್ರೆ

ಬಾಬೆಲಿನ ಅರಸನು ನಿಲ್ಲಿಸಿದ ಬಂಗಾರದ ಪ್ರತಿಮೆಗೆ ಅಡ್ಡಬೀಳಲೊಲ್ಲದೆ ಬೆಂಕಿಯ ಆವಿಗೆಯೊಳಗೆ ಹಾಕಲ್ಪಟ್ಟು, ಕೂದಲು ಸಹ ಸೀಯದೆ ಹೊರಗೆ ಬಂದ ಮೂವರ ಹೆಸರುಗಳನ್ನು ನಮ್ಮ ಆದಿತ್ಯವಾರದ ಶಾಲೆಯ ಚಿಕ್ಕ ಮಕ್ಕಳೂ ಬಲ್ಲರು. ಆ ಮೂವರಲ್ಲಿ ಕಡೆಯವನಾದ ಅಬೇದ್ನೆಗೋವಿನ ಹೆಸರನ್ನು ಹೊತ್ತ ಒಬ್ಬ ಮನುಷ್ಯನು ಹತ್ತೊಂಬತ್ತನೆಯ ಶತಮಾನದಲ್ಲಿ ಇಂಗ್ಲೆಂಡು ದೇಶದಲ್ಲಿದ್ದನು. ಇವನು ಬಿದ್ದ ಬೆಂಕಿಯನ್ನು ಯಾವ ಅರಸನೂ ಹೊತ್ತಿಸಿರಲಿಲ್ಲ; ಅದು ಅವನು ತಾನೇ ಹೊತ್ತಿಸಿಕೊಂಡದ್ದಾಗಿತ್ತು. ಅದರೊಳಗಿಂದ ಅವನು ಹೊರಗೆ ಬರುವಾಗ ಅವನ ತಲೆ ನರೆತು ಅರುವತ್ತು ವರ್ಷಗಳು ತುಂಬಿದ್ದವು. ಅವನ ಚರಿತ್ರೆಯನ್ನು ಇಲ್ಲಿ ಸಂಕ್ಷೇಪವಾಗಿ ಬರೆಯುತ್ತೇವೆ.

ಅವನ ಸ್ವಂತ ಹೆಸರು ವಿಲ್ಯಮ್ ಥಾಮ್ಸನ್. ಅವನು 1811ನೆಯ ಇಸವಿಯ ಅಕ್ಟೋಬರ್ ತಿಂಗಳಲ್ಲಿ ನಾಟಿಂಗ್‌ಹ್ಯಾಮ್ ಪಟ್ಟಣದಲ್ಲಿ ಹುಟ್ಟಿದನು. ಆ ಪಟ್ಟಣವು ಕಾಲುಚೀಲಗಳನ್ನೂ ಲೇಸುಗಳನ್ನೂ ಹೆಣೆಯುವ ಮಗ್ಗಗಳಿಗಾಗಿ ಹೆಸರುಗೊಂಡಿತ್ತು. ಅದೇ ವರ್ಷ ಆ ಸೀಮೆಯಲ್ಲಿ ಕೂಲಿ ಇಳಿದು, ಹೊಟ್ಟೆಗಿಲ್ಲದೆ ಕಂಗೆಟ್ಟ ಕೆಲಸಗಾರರು ರಾತ್ರಿವೇಳೆಯಲ್ಲಿ ಗುಂಪುಕೂಡಿ ಧಣಿಗಳ ಮಗ್ಗಗಳನ್ನು ಒಡೆದುಹಾಕಲು ತೊಡಗಿದ್ದರು. ಅಂಥ ಕಷ್ಟಕಾಲದಲ್ಲಿ ಥಾಮ್ಸನರ ಮನೆಯಲ್ಲಿ ಹುಟ್ಟಿದ ಮಕ್ಕಳು ಇಪ್ಪತ್ತೊಂದು ಮಂದಿ! ವಿಲ್ಯಮನು ಒಂದೇ ಹೆರಿಗೆಯಲ್ಲಿ ಹುಟ್ಟಿದ ಮೂರು ಮಕ್ಕಳಲ್ಲಿ ಒಬ್ಬನೆಂದೂ, ನೆರೆಯವರು ವಿನೋದಕ್ಕಾಗಿ ಆ ಮೂವರಿಗೆ ಶದ್ರಕ್, ಮೇಶಕ್, ಅಬೇದ್ನೆಗೋ ಎಂದು ಹೆಸರಿಟ್ಟರೆಂದೂ ಹೇಳುತ್ತಾರೆ. ಅಬೇದ್ನೆಗೋ ಎಂಬುದು ಜನರ ಬಾಯಲ್ಲಿ ಸವೆದು ಬೆಂಡಿಗೋ ಆಯಿತು. ಕಡೆಗೆ ದೇಶವೆಲ್ಲಾ ಅವನನ್ನು ಆ ಹೆಸರಿನಿಂದಲೇ ತಿಳಿಯಿತು.

ಹುಡುಗನಿಗೆ ಹದಿನೈದು ವರ್ಷವಾದಾಗ ತಂದೆಯು ತೀರಿಕೊಂಡನು. ಗತಿಯಿಲ್ಲದವರನ್ನು ಇರಿಸಿಕೊಂಡು, ಕೆಲಸಮಾಡಿಸಿ, ಅಲ್ಪವಾದ ಗಂಜಿಯನ್ನು ಕೊಡುವ ಬಡವರ ಮನೆಗಳು ಆ ದೇಶದಲ್ಲಿದ್ದವು. ಅಲ್ಲಿಗೆ ಸೇರುವುದೆಂದರೆ ಮಾನವನ್ನು ಬಾಗಲ ಹೊರಗೆ ಬಿಟ್ಟು ಒಳಗೆ ಹೋದಂತೆಯೇ ಎಂದು ಬಡವರು ಎಣಿಸುತ್ತಿದ್ದರು. ತಾಯಿ ಮಗ ಇಬ್ಬರೂ ಅಲ್ಲಿಗೆ ಹೋಗಬೇಕಾಯಿತು. ಅಲ್ಲಿಂದ ಹೊರಟ ಮೇಲೆ ವಿಲ್ಯಮನು ಕಬ್ಬಿಣವನ್ನು ಕಡೆಯುವ ಕೆಲಸವನ್ನು ಕಲಿತನು. ಆದರೆ ಶಾಲೆಯ ವಿದ್ಯೆಯು ಅವನಿಗೆ ದೊರೆಯಲಿಲ್ಲ. ತನ್ನ ಕೈಗಳಲ್ಲಿ ಬಲವೂ ಕಾಲುಗಳಲ್ಲಿ ಚುರುಕೂ ಇರುವುದನ್ನು ಅವನು ಬೇಗನೆ ಕಂಡುಕೊಂಡನು. ತಾಯಿಯನ್ನು ಸಾಕುವುದಕ್ಕೆ ಕಬ್ಬಿಣದ ಕೂಲಿಗಿಂತ ಮುಷ್ಟಿಯ ಕೂಲಿಯೇ ಹೆಚ್ಚೆಂದು ತಿಳಿದು, ಇಪ್ಪತ್ತು ವರ್ಷ ಆಗುವ ಮುಂಚೆಯೇ ಹಣಕ್ಕಾಗಿ ಗುದ್ದಾಡಲಾರಂಭಿಸಿದನು.

ಆ ಕಾಲದ ಮುಷ್ಟಿಕಾಳಗವು ಎಂಥದ್ದೆಂದು ವಾಚಕರು ತಿಳಿಯಬೇಕು. ಅದು ನಮ್ಮ ಗರಡಿಗಳ ಕುಸ್ತಿಯಂಥದ್ದಲ್ಲ. ಬಯಲಿನಲ್ಲಿ ಗೂಟಗಳನ್ನು ನೆಟ್ಟು ಹಗ್ಗ ಕಟ್ಟಿದ ಕಣದೊಳಗೆ ಇಬ್ಬರು ಬರಿಗೈಯಲ್ಲಿ ಒಬ್ಬರನ್ನೊಬ್ಬರು ಗುದ್ದುತ್ತಿದ್ದರು. ಕೈಗೆ ಚೀಲವಿಲ್ಲ, ಇಷ್ಟು ಹೊತ್ತೆಂಬ ಮಿತಿಯಿಲ್ಲ. ಒಬ್ಬನು ನೆಲಕ್ಕೆ ಬಿದ್ದರೆ ಒಂದು ಸುತ್ತು ಮುಗಿದಂತಾಯಿತು. ಆ ಮೇಲೆ ಅರ್ಧ ನಿಮಿಷದ ವಿರಾಮ. ಅದು ಕಳೆದ ಕೂಡಲೆ ಇಬ್ಬರೂ ಕಣದ ನಡುವೆ ಗೀಚಿದ ಗೆರೆಯ ಬಳಿಗೆ ಬಂದು ನಿಲ್ಲಬೇಕು, ಬರಲಾರದವನು ಸೋತನು. ಹೀಗೆ ಐವತ್ತು, ನೂರು ಸುತ್ತುಗಳ ವರೆಗೂ ಕಾಳಗವು ಎಳೆಯುತ್ತಿತ್ತು. 1833ರಲ್ಲಿ ಜೇಮ್ಸ್ ಬರ್ಕ್ ಎಂಬ ಕಿವುಡನಾದ ಮಲ್ಲನೊಡನೆ ಮೂರು ಗಂಟೆ ಹೊತ್ತು ಕಾದಾಡಿದ ಸೈಮನ್ ಬರ್ನ್ ಎಂಬವನು ಕೆಲವೇ ದಿವಸಗಳಲ್ಲಿ ಸತ್ತುಹೋದನು. ಸರಕಾರವು ಇಂಥ ಕಾಳಗಗಳನ್ನು ನಿಷೇಧಿಸಿದ್ದರೂ ಸಾವಿರಾರು ಜನರು ಅಧಿಕಾರಿಗಳ ಕಣ್ಣುತಪ್ಪಿಸಿ, ಜಿಲ್ಲೆಗಳ ಮೇರೆಯಲ್ಲಿರುವ ಹೊಲಗಳಿಗೆ ಓಡಿಹೋಗಿ ನೋಡುತ್ತಿದ್ದರು. ದೊರೆಮಕ್ಕಳೂ ಕೂಲಿಯವರೂ ಒಂದೇ ಕಣದ ಸುತ್ತಲು ನಿಂತು ಪಣವೊಡ್ಡುತ್ತಿದ್ದರು.

ಬೆಂಡಿಗೋವಿನ ಎತ್ತರವು ಆರಡಿಗೆ ಎರಡಂಗುಲ ಕಡಿಮೆ. ಆದರೆ ಅವನು ಎಡಗೈಯವನು. ಎದುರಾಳಿಗಳಿಗೆ ಅವನ ಪೆಟ್ಟು ಯಾವ ಕಡೆಯಿಂದ ಬರುವದೆಂದು ತಿಳಿಯುತ್ತಿರಲಿಲ್ಲ. ಕಣದೊಳಗೆ ಕುಣಿದು, ಮುಖವನ್ನು ಸೊಟ್ಟಮಾಡಿ, ಹಾಸ್ಯದ ಮಾತುಗಳಿಂದ ಎದುರಾಳಿಯನ್ನು ಕೆರಳಿಸಿ, ಅವನು ಕೋಪದಿಂದ ಎಚ್ಚರತಪ್ಪಿದಾಗ ಗುದ್ದುವುದು ಬೆಂಡಿಗೋವಿನ ಉಪಾಯವಾಗಿತ್ತು. ಪೆಟ್ಟು ತಗಲುವ ಮುಂಚೆಯೇ ಜಾರಿಬಿದ್ದು ಸುತ್ತನ್ನು ಮುಗಿಸುವ ಕಪಟವನ್ನೂ ಅವನು ಬಲ್ಲವನಾಗಿದ್ದನು. ಅವನ ಗುಣಗಳನ್ನು ಬರೆಯುವಾಗ ಇದನ್ನು ಮರೆಮಾಡುವುದು ಸತ್ಯವಲ್ಲ.

ಅವನ ದೊಡ್ಡ ವೈರಿಯು ಬೆನ್ ಕಾಂಟ್ ಎಂಬ ಅದೇ ಸೀಮೆಯ ದೈತ್ಯನು. ಇವನು ಆರಡಿಗಿಂತ ಎರಡಂಗುಲ ಹೆಚ್ಚು ಎತ್ತರವಾಗಿದ್ದನು. 1835ರಲ್ಲಿ ಇವರಿಬ್ಬರೂ ಮೊದಲನೆಯ ಸಾರಿ ಕೂಡಿದರು. 22ನೆಯ ಸುತ್ತು ಮುಗಿದು ಬೆಂಡಿಗೋ ಕೂತುಕೊಂಡು ದಣಿವಾರಿಸಿಕೊಳ್ಳುತ್ತಿರುವಾಗ, ಸಿಟ್ಟನ್ನು ತಾಳಲಾರದ ಕಾಂಟನು ಬಂದು ಅವನನ್ನು ಹೊಡೆದು, ನಿಯಮ ತಪ್ಪಿದ್ದರಿಂದ ಸೋತನು. 1838ರಲ್ಲಿ ತಿರಿಗಿ ಕೂಡಿದಾಗ 75ನೆಯ ಸುತ್ತಿನಲ್ಲಿ ಬೆಂಡಿಗೋ ಪೆಟ್ಟಿಲ್ಲದೆ ನೆಲಕ್ಕೆ ಬಿದ್ದನೆಂದು ಮಧ್ಯಸ್ಥರು ಜಯವನ್ನು ಕಾಂಟನಿಗೆ ಕೊಟ್ಟರು. ಮಾರನೆಯ ವರ್ಷ ಬೆಂಡಿಗೋ, ನಾವು ಮೇಲೆ ಹೇಳಿದ ಕಿವುಡ ಬರ್ಕನನ್ನು ಹತ್ತು ಸುತ್ತುಗಳಲ್ಲಿ ಗೆದ್ದು ಇಂಗ್ಲೆಂಡಿನ ಮಲ್ಲರಿಗೆಲ್ಲಾ ಮೇಲಾದವನೆಂಬ ಬಿರುದನ್ನು ಪಡೆದನು. ಆಗ ಅವನ ವಯಸ್ಸು 27. ಬಡವರ ಮನೆಯ ಗಂಜಿ ಕುಡಿದ ಹುಡುಗನು ಬೀದಿಯಲ್ಲಿ ನಡೆದರೆ ಜನರು ಹಿಂದೆ ಹಿಂದೆಯೇ ಬರುವರು.

ಆದರೆ ಮನುಷ್ಯನ ಬಲವು ಹುಲ್ಲಿನ ಹೂವಿನಂತಿದೆ. 1840ರಲ್ಲಿ ಅವನು ಆಟಕ್ಕೆಂದು ಲಾಗಹಾಕಿ ಮೊಣಕಾಲಿನ ಚಿಪ್ಪನ್ನು ಕೆಡಿಸಿಕೊಂಡದ್ದರಿಂದ ಕೆಲವು ವರ್ಷಗಳ ವರೆಗೆ ಕಣಕ್ಕೆ ಇಳಿಯಲಾರದೆ ಹೋದನು. ಅಷ್ಟರಲ್ಲಿ ಬಿರುದು ಕಾಂಟನ ಪಾಲಾಯಿತು. 1845ನೆಯ ಸೆಪ್ಟೆಂಬರ್ 9ರಂದು ಇವರಿಬ್ಬರೂ ಮೂರನೆಯ ಸಾರಿ ಎದುರುನಿಂತರು. ಪಕ್ಷಕ್ಕೆ 200 ಪೌಂಡುಗಳ ಪಣ. ನಾಟಿಂಗ್‌ಹ್ಯಾಮಿನಿಂದ ಬಂದ ಪುಂಡರು ಕೋಲುಗಳನ್ನು ಹಿಡಿದು ಕಣದ ಸುತ್ತಲು ನಿಂತು ಕಾಂಟನ ಪಕ್ಷದವರನ್ನು ಬೆದರಿಸುತ್ತಿದ್ದರು. ಎರಡು ಗಂಟೆಗೂ ಹೆಚ್ಚು ಹೊತ್ತು ಕಾಳಗ ನಡೆದ ಮೇಲೆ 93ನೆಯ ಸುತ್ತಿನಲ್ಲಿ ಕಾಂಟನು ಪೆಟ್ಟಿಲ್ಲದೆ ಕುಸಿದನೆಂದು ಮಧ್ಯಸ್ಥನು ಬೆಂಡಿಗೋವಿಗೆ ಜಯ ಕೊಟ್ಟನು. ಆ ತೀರ್ಪು ನ್ಯಾಯವೋ ಅನ್ಯಾಯವೋ ಎಂದು ಜನರು ಬಹು ವರ್ಷ ವಾದಿಸಿದರು. ಕಡೆಯದಾಗಿ 1850ರಲ್ಲಿ, 38 ವರ್ಷದವನಾಗಿದ್ದಾಗ, ಟಾಮ್ ಪ್ಯಾಡಕ್ ಎಂಬ ಯೌವನಸ್ಥನೊಡನೆ ಕಾದಾಡಿದನು. ಮಗನು ಹಿಂಜರಿದಾಗ ಮುದುಕಿಯಾದ ತಾಯಿಯೇ, ನೀನು ಹೋಗದಿದ್ದರೆ ನಾನೇ ಹೋಗುವೆನೆಂದು ಅವನನ್ನು ಹಂಗಿಸಿದಳಂತೆ. ಪ್ಯಾಡಕನು 49 ಸುತ್ತುಗಳ ಮೇಲೆ ನಿಯಮ ತಪ್ಪಿ ಸೋತನು. ಬೆಂಡಿಗೋ ಬಿರುದಿನೊಡನೆಯೇ ಕಣವನ್ನು ಬಿಟ್ಟನು.

ಇಲ್ಲಿಗೆ ಕಥೆ ಮುಗಿದಿದ್ದರೆ ಲೋಕವು ಅವನನ್ನು ಗೆದ್ದವನೆಂದು ಹೇಳುತ್ತಿತ್ತು. ಆದರೆ ಕಣದಲ್ಲಿ ಮಲ್ಲರು ಕೆಡವಲಾರದವನನ್ನು ಮನೆಯ ಹತ್ತಿರದ ಹೆಂಡದಂಗಡಿ ಕೆಡವಿತು. ಗುದ್ದಾಟದ ದಿವಸಗಳು ತೀರಿದ ಮೇಲೆ ಅವನಿಗೆ ಕೆಲಸವಿಲ್ಲ, ಕಣವಿಲ್ಲ. ಹಳೆಯ ಹೆಸರು ಮಾತ್ರ ಉಳಿಯಿತು. ಆ ಹೆಸರಿಗಾಗಿ ಕುಡಿಸುವವರು ಎಲ್ಲೆಲ್ಲಿಯೂ ಇದ್ದರು. ಕುಡಿಯದಿದ್ದಾಗ ಅವನು ಸಾಧುವಾದವನು. ಹೊಳೆಯ ದಡದಲ್ಲಿ ಗಾಳಹಾಕಿ ಮೀನು ಹಿಡಿಯುತ್ತಾ ದಿನವೆಲ್ಲಾ ಕೂತಿರುವನು. ಟ್ರೆಂಟ್ ನದಿಯಲ್ಲಿ ಮುಳುಗುತ್ತಿದ್ದವರನ್ನು ಹಾರಿಬಿದ್ದು ಉಳಿಸಿದನೆಂದೂ ಹೇಳುತ್ತಾರೆ. ಕುಡಿದಾಗಲೋ, ತುಂಟ ಹುಡುಗರು ಕೆಣಕಿದರೆ ಸಾಕು, ಬೀದಿಯನ್ನೇ ಕಣವಾಗಿ ಮಾಡುವನು. ಪೋಲೀಸರು ಹಿಡಿಯುವರು, ನ್ಯಾಯಾಧಿಪತಿಯು ಸೆರೆಗೆ ಕಳುಹಿಸುವನು, ಬಿಡುಗಡೆಯಾದ ಮೇಲೆ ತಿರಿಗಿ ಅದೇ ಅಂಗಡಿ. ಹೀಗೆ ಅವನು ಸೆರೆಮನೆಗೆ ಹೋದದ್ದು ಒಂದೆರಡು ಸಾರಿಯಲ್ಲ, 28 ಸಾರಿ. ಪ್ರತಿಯೊಂದು ಸಾರಿಯೂ ಇದೇ ಕಡೆಯದೆಂದು ಅವನ ಸ್ನೇಹಿತರು ನಂಬಿರಬಹುದು. ಇಪ್ಪತ್ತೆಂಟನೆಯ ಸಾರಿಗೆ ಹಾಗೆ ನಂಬುವವರು ಎಷ್ಟು ಮಂದಿ ಉಳಿದಿದ್ದರು?

ಸೆರೆಮನೆಯಲ್ಲಿ ಕೈದಿಗಳು ದೇವಾರಾಧನೆಗೆ ಕೂಡಬೇಕಾಗಿತ್ತು. ಒಂದು ದಿವಸ ಅಲ್ಲಿಯ ಬೋಧಕನು ದಾವೀದನು ಗೊಲ್ಯಾತನನ್ನು ಕೊಂದ ಸಂಗತಿಯನ್ನು ಹೇಳಿದನೆಂದೂ, ಬೆಂಡಿಗೋ ತಾನಿರುವ ಸ್ಥಳವನ್ನು ಮರೆತು, ಚಿಕ್ಕವನು ದೊಡ್ಡವನನ್ನು ಕೆಡವಿದ್ದಕ್ಕಾಗಿ ಗಟ್ಟಿಯಾಗಿ ಸಂತೋಷಪಟ್ಟನೆಂದೂ ಕಥೆಯಿದೆ. ಕಾಂಟನ ಎದುರಿನಲ್ಲಿ ನಿಂತವನಿಗೆ ಆ ಕಥೆ ಹೊರಗಿನದಾಗಿ ತೋರಲಿಲ್ಲ. ಮತ್ತೊಂದು ದಿವಸ ಬೆಂಕಿಯ ಆವಿಗೆಯ ಪ್ರಸಂಗ. ಅದರಲ್ಲಿ ಅವನ ಹೆಸರೇ ಇತ್ತು! ಓದಲು ಬಾರದವನ ಕಿವಿಗೆ ಸತ್ಯವೇದವು ಹೀಗೆ ಸ್ವಲ್ಪ ಸ್ವಲ್ಪವಾಗಿ ಹೊಕ್ಕಿತು.

1872ರ ಸುಮಾರಿಗೆ ಕಡೆಯ ಸೆರೆಯಿಂದ ಹೊರಬಂದ ಬೆಂಡಿಗೋ, ರಿಚರ್ಡ್ ವೀವರ್ ಎಂಬ ಸುವಾರ್ತಿಕನ ಪ್ರಸಂಗವನ್ನು ಕೇಳಹೋದನು. ಈ ವೀವರನು ಪಂಡಿತನಲ್ಲ. ಕಲ್ಲಿದ್ದಲಿನ ಗಣಿಯಲ್ಲಿ ದುಡಿದವನು. ತಾನೂ ಒಂದು ಕಾಲದಲ್ಲಿ ಕುಡಿದು ಗುದ್ದಾಡಿದವನು. ಗಾಯದ ನೋವು ಗಾಯಗೊಂಡವನಿಗೇ ಗೊತ್ತು. ದೊಡ್ಡ ಉಪಾಧ್ಯಾಯರ ಮಾತು ಮುಟ್ಟದ ಎದೆಯನ್ನು ಆ ಗಣಿಗಾರನ ಮಾತು ಮುಟ್ಟಿತು. ಬೆಂಡಿಗೋ ತನ್ನನ್ನು ಕರ್ತನಿಗೆ ಒಪ್ಪಿಸಿ, ಮದ್ಯವನ್ನು ಬಿಟ್ಟುಬಿಟ್ಟನು.

ಆ ಮೇಲೆ ಅವನು ತಾನೇ ಸಾಕ್ಷಿ ಹೇಳಲು ಹೊರಟನು. ಅಕ್ಷರ ಬಾರದು, ಶಾಸ್ತ್ರ ಬಾರದು. ಬೇರೆಯವರು ಓದಿದ್ದನ್ನು ಕೇಳಿ ಹೃದಯದಲ್ಲಿಟ್ಟುಕೊಂಡು, ತಾನು ಎಂಥವನಾಗಿದ್ದೆನು, ಈಗ ಎಂಥವನಾದೆನು ಎಂಬುದನ್ನು ತನ್ನ ಹಳ್ಳಿಯ ಮಾತಿನಲ್ಲಿಯೇ ಹೇಳುವನು. ಮುಂಚೆ ಮನುಷ್ಯರೊಡನೆ ಹೋರಾಡಿದೆನು, ಈಗ ಸೈತಾನನೊಡನೆ ಹೋರಾಡುತ್ತೇನೆ ಎಂಬುದೇ ಅವನ ಬೋಧನೆಯ ಸಾರ. ನಾಟಿಂಗ್‌ಹ್ಯಾಮಿನಲ್ಲಿಯೂ ಲಂಡನ್ನಿನಲ್ಲಿಯೂ ಜನರು ಸಾವಿರಗಟ್ಟಲೆ ಕೂಡಿಬಂದರು. ಅನೇಕರು ಬಂದದ್ದು ಹಳೆಯ ಮಲ್ಲನ ಮುಖವನ್ನು ನೋಡಲಿಕ್ಕೆ, ಕೆಲವರು ನಗಲಿಕ್ಕೆ. ಆದರೂ ಗುಡಿಯ ಬಾಗಲನ್ನು ಎಂದೂ ತುಳಿಯದ ಕುಡುಕರೂ ಜೂಜುಗಾರರೂ ಅವನ ನಿಮಿತ್ತವಾಗಿ ಸುವಾರ್ತೆಯನ್ನು ಕೇಳಿದರು. ತನ್ನ ಕೂಟವನ್ನು ಕೆಡಿಸಲು ಬಂದ ಪುಂಡರನ್ನು ಅವನು ಪೀಠದಿಂದ ಇಳಿದುಬಂದು ಹೊಡೆದೋಡಿಸಿದನೆಂದು ಆರ್ಥರ್ ಕಾನನ್ ಡಾಯ್ಲ್ ಎಂಬ ಪ್ರಸಿದ್ಧ ಗ್ರಂಥಕರ್ತನು ಒಂದು ಕವಿತೆಯನ್ನು ಬರೆದಿದ್ದಾನೆ. ಕವಿಗಳು ಹೇಳಿದ್ದನ್ನೆಲ್ಲಾ ಚರಿತ್ರೆಯೆಂದು ಎಣಿಸಬೇಕಾಗಿಲ್ಲ. ಬೀದಿಯಲ್ಲಿ ಒಂದು ಕುಚೋದ್ಯದ ಮಾತಿಗೇ ಕೈಯೆತ್ತುತ್ತಿದ್ದವನು, ನಗುವ ಜನರ ಮುಂದೆ ನಿಂತು ತನ್ನ ಅವಮಾನವನ್ನು ತಾನೇ ಬಿಚ್ಚಿ ಹೇಳಿದ್ದು ಆ ಕವಿತೆಯಲ್ಲಿರುವ ಪೆಟ್ಟುಗಳಿಗಿಂತ ದೊಡ್ಡ ಸಂಗತಿ.

ಹೀಗೆ ಎಂಟು ವರ್ಷ ಕಳೆದವು. ನಾಟಿಂಗ್‌ಹ್ಯಾಮಿಗೆ ಸಮೀಪವಾದ ಬೀಸ್ಟನ್ ಎಂಬ ಊರಿನಲ್ಲಿ ಅವನು ವಾಸವಾಗಿದ್ದನು. 1880ರಲ್ಲಿ ಮನೆಯ ಮೆಟ್ಟಲುಗಳ ಮೇಲಿಂದ ಬಿದ್ದು ಪಕ್ಕೆಲುಬುಗಳು ಮುರಿದು ಶ್ವಾಸಕೋಶಕ್ಕೆ ಚುಚ್ಚಿಕೊಂಡವು. ಆಗಸ್ಟ್ 23ರಂದು, 68 ವರ್ಷ ಪ್ರಾಯದವನಾಗಿ, ನಿದ್ರೆಹೋದನು. ಅವನ ಶವವನ್ನು ನಾಟಿಂಗ್‌ಹ್ಯಾಮಿಗೆ ತರುವಾಗ ಸಾವಿರಾರು ಜನರು ದಾರಿಯ ಎರಡು ಕಡೆಗಳಲ್ಲಿ ನಿಂತಿದ್ದರು. ಅವನ ಸಮಾಧಿಯ ಮೇಲೆ ಮಲಗಿರುವ ಸಿಂಹದ ಕಲ್ಲಿನ ಮೂರ್ತಿಯಿದೆ.

ಅವನ ಹೆಸರು ಸಮುದ್ರವನ್ನೂ ದಾಟಿತು. ಆಸ್ಟ್ರೇಲಿಯಾ ಖಂಡದ ವಿಕ್ಟೋರಿಯಾ ಸೀಮೆಯಲ್ಲಿ ಗುದ್ದಾಟದಲ್ಲಿ ಚತುರನಾದ ಒಬ್ಬ ಕುರಿಗಾಹಿಗೆ ಜನರು ಬೆಂಡಿಗೋ ಎಂದು ಅಡ್ಡಹೆಸರಿಟ್ಟಿದ್ದರು. ಅವನಿಂದ ಅಲ್ಲಿಯ ತೊರೆಗೆ ಆ ಹೆಸರು ಬಂತು. 1851ರಲ್ಲಿ ಆ ತೊರೆಯ ಬಳಿಯಲ್ಲಿ ಚಿನ್ನ ಸಿಕ್ಕಿ ದೊಡ್ಡ ಪಟ್ಟಣವೇ ಎದ್ದಿತು. ಸರಕಾರದವರು ಅದಕ್ಕೆ ಬೇರೆ ಹೆಸರಿಟ್ಟಿದ್ದರೂ, 1891ರಲ್ಲಿ ಊರವರು ಮತಕೊಟ್ಟು ಬೆಂಡಿಗೋ ಎಂಬುದನ್ನೇ ಇರಿಸಿಕೊಂಡರು.

ಪ್ರಿಯರೇ, ಆ ಹಳೆಯ ಕಾಳಗದ ನಿಯಮವನ್ನು ಇನ್ನೊಮ್ಮೆ ನೆನಸಿರಿ. ಬಿದ್ದವನು ಬಿದ್ದ ಮಾತ್ರಕ್ಕೆ ಸೋತವನಲ್ಲ. ಎದ್ದು ಗೆರೆಗೆ ಬಾರದವನೇ ಸೋತವನು. ಆದರೆ ಆ ನಿಯಮದಲ್ಲಿ ಬಿದ್ದವನಿಗೆ ಅರ್ಧ ನಿಮಿಷ ಮಾತ್ರ ಸಿಕ್ಕುತ್ತಿತ್ತು. ದೇವರು ಬೆಂಡಿಗೋವಿಗಾಗಿ ಇಪ್ಪತ್ತು ವರ್ಷಗಳಿಗಿಂತಲೂ ಹೆಚ್ಚಾಗಿ ಕಾದಿದ್ದನು. ಕುಡಿತದಿಂದ ಬಿದ್ದ ನೆರೆಯವನನ್ನು ಕಂಡು, ಇವನು ಇನ್ನು ಏಳುವವನಲ್ಲ ಎಂದು ನಾವು ಎಷ್ಟು ಬೇಗನೆ ತೀರ್ಪು ಕೊಡುತ್ತೇವೆ! ಅವನು ಬಿದ್ದ ಸಾರಿಗಳನ್ನು ಎಣಿಸುವುದನ್ನು ಬಿಟ್ಟು, ವೀವರನಂತೆ ಅವನ ಬಳಿಗೆ ಹೋಗಿ ಕೈಕೊಡುವವರು ನಮ್ಮ ನಮ್ಮ ಊರುಗಳಲ್ಲಿ ಏಳಲಿ.