ಎಟ್ನಾದ ಒಗಟು ಬಿಡಿಸಿದ ಚಾರ್ಲ್ಸ್ ಲಯೆಲ್

ಜ್ವಾಲಾಮುಖಿಯು ಶಂಕುವಿನ ಆಕಾರ ತಳೆಯುವುದು ಹೇಗೆ? 19ನೇ ಶತಮಾನದ ಯುರೋಪಿನಲ್ಲಿ ಪಂಡಿತರನ್ನು ಎರಡು ಬಣವಾಗಿಸಿದ ಪ್ರಶ್ನೆಯಿದು. ಭೂಗರ್ಭದ ಒತ್ತಡಕ್ಕೆ ನೆಲವೇ ಗುಳ್ಳೆಯಂತೆ ಉಬ್ಬಿ ಬೆಟ್ಟವಾಗುತ್ತದೆ ಎಂಬುದು ಜರ್ಮನಿಯ ಲಿಯೋಪೋಲ್ಡ್ ಫಾನ್ ಬುಖ್ ಅವರ ವಾದ. ಕಡಿದಾದ ಇಳಿಜಾರಿನಲ್ಲಿ ಲಾವಾರಸ ನಿಂತು ಗಟ್ಟಿ ಪದರವಾಗಲಾರದು ಎಂಬುದೇ ಆ ಪಕ್ಷದ ಪ್ರಬಲ ಆಧಾರ. ಸುಲಭವಾಗಿ ತಳ್ಳಿಹಾಕುವಂಥ ಮಾತೇನೂ ಅದಾಗಿರಲಿಲ್ಲ.

ಇದನ್ನು ಒಪ್ಪದವರಲ್ಲಿ ಚಾರ್ಲ್ಸ್ ಲಯೆಲ್ ಪ್ರಮುಖರು. 1797ರಲ್ಲಿ ಸ್ಕಾಟ್ಲೆಂಡಿನಲ್ಲಿ ಜನಿಸಿದ ಅವರು ಕಲಿತದ್ದು ಕಾನೂನು; ಮನಸ್ಸು ನೆಟ್ಟದ್ದು ಶಿಲೆಗಳಲ್ಲಿ. ಕುಳಿಯಿಂದ ಚಿಮ್ಮಿದ ಬೂದಿ, ಕಿಟ್ಟ ಹಾಗೂ ಹರಿದ ಲಾವಾ ಪದರಪದರವಾಗಿ ಕೂಡಿಯೇ ಬೆಟ್ಟ ಬೆಳೆಯುತ್ತದೆ ಎಂಬುದು ಅವರ ನಿಲುವು. 1828ರಲ್ಲಿ ಸಿಸಿಲಿಯ ಎಟ್ನಾವನ್ನು ಕಂಡು ಬಂದ ಅವರು, 1830ರಿಂದ ‘ಪ್ರಿನ್ಸಿಪಲ್ಸ್ ಆಫ್ ಜಿಯಾಲಜಿ’ ಗ್ರಂಥವನ್ನು ಪ್ರಕಟಿಸಿದರು. ಬೀಗಲ್ ಹಡಗನ್ನೇರಿದ ಡಾರ್ವಿನ್ ಕೈಯಲ್ಲೂ ಅದರ ಮೊದಲ ಸಂಪುಟವಿತ್ತು. ಕೀರ್ತಿ ಬಂತು, ಎದುರಾಳಿಗಳ ಆಧಾರ ಮಾತ್ರ ಅಲುಗಲಿಲ್ಲ.

ಅರುವತ್ತರ ಹೊಸ್ತಿಲಲ್ಲಿ, ದೃಷ್ಟಿ ಮಂದವಾಗಿದ್ದರೂ, 1857 ಮತ್ತು 1858ರಲ್ಲಿ ಲಯೆಲ್ ಎಟ್ನಾಕ್ಕೆ ಮರಳಿದರು. ಕಡಿದಾದ ಇಳಿಜಾರುಗಳಲ್ಲೇ ಹರಿದು ಹೆಪ್ಪುಗಟ್ಟಿದ ಲಾವಾದ ಗಟ್ಟಿ ಹಾಸುಗಳು ಅಲ್ಲಿ ಕಣ್ಣೆದುರಿಗೇ ಇದ್ದವು. 1858ರಲ್ಲಿ ರಾಯಲ್ ಸೊಸೈಟಿಗೆ ಅವರು ಸಲ್ಲಿಸಿದ ಪ್ರಬಂಧವು ಉಬ್ಬುವಿಕೆಯ ವಾದದ ಬುಡವನ್ನೇ ಕಡಿಯಿತು. ಅದೇ ವರ್ಷ ಕಾಪ್ಲೆ ಪದಕವೂ ಸಂದಿತು. ಉತ್ತರ ಕೇಳಲು ಫಾನ್ ಬುಖ್ ಇರಲಿಲ್ಲ. ಅವರು 1853ರಲ್ಲೇ ತೀರಿಕೊಂಡಿದ್ದರು. 1875ರಲ್ಲಿ ನಿಧನರಾದ ಲಯೆಲ್ ಅವರ ಸಮಾಧಿ ಲಂಡನ್ನಿನ ವೆಸ್ಟ್‌ಮಿನ್‌ಸ್ಟರ್ ಅಬ್ಬೆಯಲ್ಲಿದೆ.